ಕಾಣುವ ಕಣ್ಣು, ಕೇಳುವ ಕಿವಿ

ವಾರವಿಡೀ ದುಡಿದ ಕುಟುಂಬಕ್ಕೆ ವಾರದ ಕೊನೆಯಲ್ಲಿ ಒಂದು ದಿನದ ಹೊರಸಂಚಾರ ಬೇಕೆನಿಸುವುದು ಸಹಜ. ಆದರೆ ಹೋಗುವುದೆಲ್ಲಿಗೆ ಎಂಬ ಪ್ರಶ್ನೆ ಎದ್ದೊಡನೆ ನಮ್ಮ ಮನಸ್ಸು ದೂರದ, ದುಬಾರಿಯ, ಹೆಸರಾಂತ ಸ್ಥಳಗಳತ್ತ ಓಡುತ್ತದೆ. ದೂರದರ್ಶನದ ಎಷ್ಟೋ ಪ್ರವಾಸ ಕಾರ್ಯಕ್ರಮಗಳು ಈ ಓಟಕ್ಕೆ ಇಂಬು ಕೊಡುತ್ತವೆ. ವಿಲಾಸಿ ಹೋಟೆಲಿನ ಕೊಠಡಿ, ತಟ್ಟೆ ತುಂಬ ಖಾದ್ಯ, ಸೂರ್ಯಾಸ್ತದ ಒಂದು ನೋಟ. ಅಲ್ಲಿಗೆ ಊರಿನ ಪರಿಚಯ ಮುಗಿಯಿತು. ಆ ಊರಿನಲ್ಲಿ ಬಾಳುವವರ ಮುಖವನ್ನು ನಾವು ಕಾಣುವುದೇ ಇಲ್ಲ.

ಇದಕ್ಕಿಂತ ಬೇರೆಯಾದ ದಾರಿಯೂ ಇದೆ ಎಂಬುದನ್ನು ಅಮೆರಿಕದ ಕ್ಯಾಲಿಫೋರ್ನಿಯಾ ರಾಜ್ಯದ ಸ್ಥಳೀಯ ಕಾರ್ಯಕ್ರಮವೊಂದು ತೋರಿಸಿಕೊಟ್ಟಿತು. ಅದರ ಹೆಸರು ‘ಕ್ಯಾಲಿಫೋರ್ನಿಯಾಸ್ ಗೋಲ್ಡ್’, ಅಂದರೆ ಕ್ಯಾಲಿಫೋರ್ನಿಯಾದ ಹೊನ್ನು. 1848ರಲ್ಲಿ ಚಿನ್ನ ದೊರೆತ ಸುದ್ದಿಯಿಂದ ಜಗತ್ತಿನ ಕಣ್ಣು ಸೆಳೆದ ನಾಡು ಅದು. ಆದರೆ ನಿರೂಪಕರಾದ ಹ್ಯೂಯೆಲ್ ಹೌಸರ್ ಹುಡುಕಿದ ಹೊನ್ನು ಬೇರೆ ಬಗೆಯದು. 1945ರಲ್ಲಿ ಟೆನೆಸೀ ರಾಜ್ಯದಲ್ಲಿ ಹುಟ್ಟಿ, 1981ರಲ್ಲಿ ಲಾಸ್ ಏಂಜಲೀಸ್ ನಗರಕ್ಕೆ ಬಂದ ಪರಸ್ಥಳದವರು ಅವರು. ಅಲ್ಲಿನ ಕೆ.ಸಿ.ಇ.ಟಿ. ಕೇಂದ್ರದ ಮೂಲಕ 1991ರಿಂದ 2012ರವರೆಗೆ ಆ ರಾಜ್ಯದ ಮೂಲೆಮೂಲೆಯನ್ನು ಅಲ್ಲಿನವರಿಗೇ ಪರಿಚಯಿಸಿದರು. ಕೈಯಲ್ಲೊಂದು ಮೈಕು, ಜೊತೆಗೊಬ್ಬ ಛಾಯಾಗ್ರಾಹಕ. ಅವರ ಪರಿವಾರ ಹೆಚ್ಚುಕಡಿಮೆ ಇಷ್ಟೇ. ಚಿಕ್ಕ ಪಟ್ಟಣದ ಅಂಗಡಿ, ಹಳೆಯ ಸೇತುವೆ, ಹಣ್ಣಿನ ತೋಟ, ಎಲ್ಲವೂ ಅವರಿಗೆ ಸುದ್ದಿಯೇ.

ಅವರ ಅತಿ ಪ್ರಸಿದ್ಧ ಕಥನಗಳಲ್ಲೊಂದು ಒಂದು ಆನೆಯದು. ಸರ್ಕಸ್ಸಿನಲ್ಲಿ ಆನೆ ಪಳಗಿಸುತ್ತಿದ್ದ ವೃದ್ಧರೊಬ್ಬರು, ತಾವು ಸಾಕಿ ಬಿಟ್ಟುಕೊಟ್ಟಿದ್ದ ಹೆಣ್ಣಾನೆಯನ್ನು ಹಲವು ವರ್ಷಗಳ ಬಳಿಕ ಸ್ಯಾನ್ ಡಿಯಾಗೋದ ಪ್ರಾಣಿವನದಲ್ಲಿ ಕಾಣಲು ಬಂದರು. ಕೂಗಿದ ದನಿಯನ್ನು ಗುರುತಿಸಿ ಆನೆ ಓಡೋಡಿ ಬಂದಿತು. ಹೌಸರ್ ಅಲ್ಲಿ ಮಾಡಿದ ಸಾಧನೆಯೇನು? ಆ ವೃದ್ಧರ ಜೊತೆಗೆ ನಿಂತರು, ನೋಡಿದರು, ಬೆರಗಾದರು. ಅಷ್ಟೇ.

ಈ ಬೆರಗನ್ನು ಕಂಡು ನಕ್ಕವರೂ ಇದ್ದರು. ‘ದಿ ಸಿಂಪ್ಸನ್ಸ್’ ಎಂಬ ವ್ಯಂಗ್ಯಚಿತ್ರಮಾಲೆ ಅವರನ್ನು ಅಣಕಿಸಿತು. ಸಾಮಾನ್ಯ ವಸ್ತುವಿಗೂ ಇಷ್ಟೊಂದು ಉದ್ಗಾರವೇ ಎಂಬುದು ಆಕ್ಷೇಪ. ಆದರೆ ತತ್ತ್ವಚಿಂತನೆಯ ಮೂಲ ಬೆರಗಿನಲ್ಲಿದೆ ಎಂಬುದು ಪ್ಲೇಟೋ, ಅರಿಸ್ಟಾಟಲ್ ಇಬ್ಬರಿಗೂ ಸಮ್ಮತವಾದ ವಿಚಾರ. ಕುತೂಹಲಕ್ಕೂ ಬೆರಗಿಗೂ ಅಂತರವಿದೆ. ಕುತೂಹಲಕ್ಕೆ ಪ್ರತಿಬಾರಿಯೂ ಹೊಸದು ಬೇಕು. ಸಿಕ್ಕಿದೊಡನೆ ಅದು ಮುಂದಕ್ಕೆ ಓಡುತ್ತದೆ. ಬೆರಗಾದರೋ ಕಂಡದ್ದರ ಮುಂದೆ ನಿಲ್ಲುತ್ತದೆ, ಪ್ರಶ್ನೆ ಕೇಳುತ್ತದೆ. ಹೀಗೆ ನಿಲ್ಲಬಲ್ಲವನಿಗೆ ಹತ್ತು ಮೈಲಿಯ ಪಯಣವೂ ಸಾಕು. ನಿಲ್ಲಲಾರದವನಿಗೆ ಹತ್ತು ದೇಶಗಳೂ ಸಾಲವು.

ನಿಂತು ನೋಡುವವನಿಗೆ ಸಂತೋಷವಷ್ಟೇ ಕಾಣುತ್ತದೆಂದು ತಿಳಿಯಬಾರದು. ಕ್ಯಾಲಿಫೋರ್ನಿಯಾದಲ್ಲಿ ಫ್ರಾನ್ಸಿಸ್ಕನ್ ಸಂನ್ಯಾಸಿಗಳು 1769ರಿಂದ 1823ರವರೆಗೆ ಸ್ಥಾಪಿಸಿದ 21 ಮಿಶನ್ ಕೇಂದ್ರಗಳಿವೆ. ಹೌಸರ್ ಇವುಗಳನ್ನು ಕುರಿತು ಪ್ರತ್ಯೇಕ ಸರಣಿಯನ್ನೇ ಮಾಡಿದರು. ವಾರಾಂತ್ಯದ ಸಂಚಾರಿಗಳಿಗೆ ಅವು ಬಲು ಪ್ರಿಯವಾದ ತಾಣಗಳು. ಗಂಟೆಗೋಪುರ, ಕಮಾನುಗಳ ಪಡಸಾಲೆ, ಹೂದೋಟ ಮನಸ್ಸನ್ನು ತಣಿಸುತ್ತವೆ. ಆದರೆ ಅದೇ ಗೋಡೆಗಳ ನಡುವೆ ದೀಕ್ಷಾಸ್ನಾನ ಪಡೆದ ಮೂಲನಿವಾಸಿಗಳು ಸಹಸ್ರಾರು ಸಂಖ್ಯೆಯಲ್ಲಿ ರೋಗಗಳಿಗೆ ಬಲಿಯಾದರು. ಬಿಟ್ಟುಹೋಗುವ ಸ್ವಾತಂತ್ರ್ಯ ಅವರಿಗಿರಲಿಲ್ಲ, ಓಡಿಹೋದವರನ್ನು ಹಿಡಿದು ತರಲಾಗುತ್ತಿತ್ತು. 2015ರ ಜುಲೈನಲ್ಲಿ ಅಂದಿನ ಜಗದ್ಗುರು ಫ್ರಾನ್ಸಿಸ್‌ರವರು ಬೊಲಿವಿಯಾದಲ್ಲಿ, ಅಮೆರಿಕ ಖಂಡದ ಮೂಲನಿವಾಸಿಗಳ ಮೇಲೆ ನಡೆದ ಅಪರಾಧಗಳಿಗಾಗಿ ಕ್ಷಮೆ ಯಾಚಿಸಿದರು. ಅದೇ ವರ್ಷದ ಸೆಪ್ಟೆಂಬರ್‌ನಲ್ಲಿ ಈ ಕೇಂದ್ರಗಳ ಆದ್ಯ ಸ್ಥಾಪಕ ಹುನಿಪೆರೋ ಸೆರ್ರಾರವರನ್ನು ಸಂತರೆಂದು ಘೋಷಿಸಿದರು. 2020ರಲ್ಲಿ ಪ್ರತಿಭಟನಕಾರರು ಅದೇ ಸಂತರ ಪ್ರತಿಮೆಗಳನ್ನು ಉರುಳಿಸಿದರು. ಹೂದೋಟದ ಭಾವಚಿತ್ರ ತೆಗೆದು ಹಿಂದಿರುಗುವವರಿಗೆ ಇದಾವುದೂ ತಿಳಿಯದು. ತಂದೆತಾಯಿಯರು ಮಕ್ಕಳಿಗೆ ಸೊಬಗನ್ನೂ ನೋವನ್ನೂ ಒಟ್ಟಿಗೆ ತೋರಿಸಬೇಕು. ಅರ್ಧವನ್ನು ಮರೆಮಾಚಿದ ನೋಟ ಸತ್ಯದ ನೋಟವಾಗಲಾರದು.

ಹೌಸರ್ 2013ರ ಜನವರಿ 7ರಂದು ತೀರಿಕೊಂಡರು. ತಮ್ಮ ಚಿತ್ರಸಂಗ್ರಹವನ್ನೆಲ್ಲ ಅವರು ಚಾಪ್ಮನ್ ವಿಶ್ವವಿದ್ಯಾಲಯಕ್ಕೆ ಮೊದಲೇ ಒಪ್ಪಿಸಿದ್ದರು. ಇಂದು ಯಾರು ಬೇಕಾದರೂ ಅವುಗಳನ್ನು ಹಣ ತೆರದೆ ನೋಡಬಹುದು.

ಆದರೆ ನೋಡುತ್ತ ಮನೆಯಲ್ಲೇ ಕುಳಿತರೆ ಅವರ ಶ್ರಮ ವ್ಯರ್ಥ. ಮುಂದಿನ ಬಿಡುವಿನ ದಿನ ಪೂಜೆ ಮುಗಿಸಿ, ಬುತ್ತಿ ಕಟ್ಟಿಕೊಂಡು, ಮನೆಮಂದಿಯೆಲ್ಲ ಹತ್ತಿರದ ಊರಿಗೊಮ್ಮೆ ಹೋಗಿಬರೋಣ. ಅಲ್ಲಿ ಕುಂಬಾರನೋ ದೋಣಿಯವನೋ ಎದುರಾದರೆ ಕೆಲಸದ ಬಗ್ಗೆ ವಿಚಾರಿಸೋಣ. ಅವನು ಹೇಳಿ ಮುಗಿಸುವವರೆಗೆ ಗಡಿಯಾರವನ್ನು ನೋಡದಿರೋಣ. ಮೊದಲ ಪ್ರಶ್ನೆಯನ್ನು ಮಕ್ಕಳೇ ಕೇಳಲಿ.