ಊರಿನವರು ನೋಡೋಕೆ ಬರುವ ದುಬೈ

ಚಳಿಗಾಲ ಬಂತೆಂದರೆ ನಮ್ಮೆಲ್ಲರ ಮನೆಗೂ ಊರಿನಿಂದ ಫೋನ್ ಶುರು. "ದುಬೈ ನೋಡ್ಬೇಕು ಕಣಪ್ಪಾ, ವಿಸಾ ಮಾಡಿಸು." ಕಳೆದ ಡಿಸೆಂಬರ್‌ನಲ್ಲಿ ನಮ್ಮ ಮನೆಗೂ ದಾವಣಗೆರೆಯಿಂದ ಅಕ್ಕ, ಭಾವ ಬಂದಿದ್ದರು.

ಮೊದಲ ದಿನ ಬುರ್ಜ್ ಖಲೀಫಾ. 828 ಮೀಟರ್ ಎತ್ತರದ ಕಟ್ಟಡವನ್ನು ಕತ್ತೆತ್ತಿ ನೋಡಿದ ಭಾವ, "ಇದರ ಮೇಲೆ ಎಷ್ಟು ಸಲ ಹತ್ತೀರಿ?" ಅಂದರು. ಹದಿನಾಲ್ಕು ವರ್ಷದಲ್ಲಿ ಒಂದು ಸಲವೂ ಇಲ್ಲ! ಆ ಟಿಕೆಟ್ ದುಡ್ಡಲ್ಲಿ ನಮಗೆ ವಾರದ ತರಕಾರಿ ಬರುತ್ತೆ.

ಮೆಟ್ರೋದಲ್ಲಿ ಅಕ್ಕ ಚಕ್ಕುಲಿ ಡಬ್ಬಿ ತೆಗೆದರು. ತಿಂದರೆ 100 ದಿರ್ಹಮ್ ದಂಡ ಅಂತ ಹೇಳಿ ಮುಚ್ಚಿಸಿದೆವು. ದೇರಾದ ಗೋಲ್ಡ್ ಸೂಕ್‌ನಲ್ಲಿ ಇನ್ನೊಂದು ನಿರಾಸೆ. ಇಲ್ಲಿ ಚಿನ್ನಕ್ಕೆ ತೆರಿಗೆಯೇ ಇಲ್ಲ ಅಂತ ನಂಬಿ ಬಂದಿದ್ದರು. 2018ರಿಂದ ಒಡವೆ ಮೇಲೂ ಶೇ. 5 ವ್ಯಾಟ್ ಇದೆ, ಮಜೂರಿ ಬೇರೆ. ಪ್ರವಾಸಿಗರು ಅಂಗಡಿಯಲ್ಲೇ ಟ್ಯಾಕ್ಸ್ ಫ್ರೀ ಬಿಲ್ ಮಾಡಿಸಿಕೊಂಡರೆ ವಾಪಸ್ ಹೋಗುವಾಗ ಏರ್‌ಪೋರ್ಟ್‌ನಲ್ಲಿ ಅದರ ಬಹುಪಾಲು ಸಿಗುತ್ತೆ. ನೆಂಟರಿಗೆ ಇದನ್ನು ಮೊದಲೇ ಹೇಳಿಡಿ.

ಅವರಿಗೆ ಹೆಚ್ಚು ಖುಷಿ ಕೊಟ್ಟದ್ದು ಯಾವುದು ಗೊತ್ತೇ? ಒಂದು ದಿರ್ಹಮ್ ಕೊಟ್ಟು ಅಬ್ರಾ ದೋಣಿಯಲ್ಲಿ ಕ್ರೀಕ್ ದಾಟಿದ್ದು.

"ಎಂಥಾ ಹವಾ! ಸ್ವರ್ಗ ಕಣೋ" ಅಂದರು ಭಾವ. ಡಿಸೆಂಬರ್ ಅಲ್ಲವೇ! ಜೂನ್ 15ರಿಂದ ಸೆಪ್ಟೆಂಬರ್ 15ರವರೆಗೆ ಮಧ್ಯಾಹ್ನ ಹನ್ನೆರಡೂವರೆಯಿಂದ ಮೂರರ ತನಕ ಬಿಸಿಲಲ್ಲಿ ದುಡಿಸಬಾರದು ಅಂತ ಸರ್ಕಾರವೇ ನಿಯಮ ಮಾಡಿದೆ ಎಂದಾಗ ಸುಮ್ಮನಾದರು.

ಹೊರಡುವ ಹಿಂದಿನ ರಾತ್ರಿ ಭಾವ ಮೆಲ್ಲಗೆ ಮಾತು ತೆಗೆದರು. ಮನೆ ಮೇಲೆ ಇನ್ನೊಂದು ಮಹಡಿ ಕಟ್ಟಬೇಕು, ಎಂಟು ಲಕ್ಷ ಬೇಕಂತೆ. ಮೂರು ವರ್ಷದಿಂದ ಫೋನಿನಲ್ಲೂ ಇದೇ ಮಾತು. ಇಲ್ಲ ಅಂದಾಗೆಲ್ಲ ಮುನಿಸು.

ಇರುವುದು ಒಂದೇ ಬೆಡ್‌ರೂಮ್. ಅದನ್ನು ಅವರಿಗೆ ಬಿಟ್ಟು ನಾವು ಹಾಲ್‌ನಲ್ಲಿ ಮಲಗಿದ್ದು ಅವರ ಕಣ್ಣೆದುರೇ ಇತ್ತು. ಆ ರಾತ್ರಿ ಲೆಕ್ಕದ ಪುಸ್ತಕವನ್ನೂ ಮುಂದಿಟ್ಟೆವು. ಬಾಡಿಗೆಗೆ ಮುಂಗಡ ಬರೆದುಕೊಟ್ಟ ನಾಲ್ಕು ಚೆಕ್, ಮಕ್ಕಳ ಸ್ಕೂಲ್ ಫೀ, ಅಮ್ಮನ ಔಷಧಿ, ಊರಿನ ಸಾಲದ ಕಂತು. ಭಾವ ಕನ್ನಡಕ ಹಾಕಿಕೊಂಡು ಎರಡು ಸಲ ಕೂಡಿ ನೋಡಿದರು. "ತಿಂಗಳ ಕೊನೆಗೆ ಉಳಿಯೋದು ಇಷ್ಟೇನಾ? ಮೊದಲೇ ಯಾಕೆ ಹೇಳಲಿಲ್ಲಪ್ಪಾ?"

ಉತ್ತರ ನಮ್ಮ ಬಳಿ ಇರಲಿಲ್ಲ. ಇಷ್ಟು ವರ್ಷ ಊರಿಗೆ ನಾವು ಕಳಿಸಿದ್ದು ಕಾರಂಜಿ ಮುಂದೆ ನಿಂತ ಫೋಟೋಗಳನ್ನು ತಾನೇ? ಅವರು ನಂಬಿದ ದುಬೈ ನಾವೇ ತೋರಿಸಿದ್ದು.

ಈ ಸಲ ನೆಂಟರು ಬಂದರೆ ಕಾರಂಜಿ ತೋರಿಸಿ, ದೋಣಿ ಹತ್ತಿಸಿ. ಹಾಗೇ ಒಂದು ಸಂಜೆ ಮನೆ ಲೆಕ್ಕವನ್ನೂ ತೋರಿಸಿ. ನಮ್ಮ ಭಾವ ಈಗಲೂ ವಾರಕ್ಕೊಮ್ಮೆ ಫೋನ್ ಮಾಡ್ತಾರೆ. ಮೊದಲು ಕೇಳೋದು, "ಬಾಡಿಗೆ ಚೆಕ್ ಪಾಸಾಯ್ತಾ?"