ಐದಕ್ಕೊಬ್ಬಳು ಸೂಲಗಿತ್ತಿ

‘ದೊಡ್ಡಪ್ಪ, ನೀವು ಸೈನ್ಸ್ ಬಗ್ಗೆ ಬರೀತೀರಲ್ವಾ? ನನ್ನ ಬೆಕ್ಕಿಗೆ ಯಾಕೆ ಮರಿ ಆಗ್ತಿಲ್ಲ ಹೇಳಿ ನೋಡೋಣ.’

ನ್ಯೂಜೆರ್ಸಿಯ ಪಾರ್ಸಿಪನಿಯಿಂದ ತಮ್ಮನ ಮಗಳ ಫೋನು. ಅವರ ಮನೆಯಲ್ಲಿ ಬೆಕ್ಕೇ ಇಲ್ಲ. ಅವಳಮ್ಮನಿಗೆ ಬೆಕ್ಕಿನ ಕೂದಲು ಹತ್ತಿರ ಸುಳಿದರೂ ಸೀನು. ವಿಚಾರಿಸಿದರೆ ಬೆಕ್ಕುಗಳಿರುವುದು ಕಂಪ್ಯೂಟರಿನೊಳಗೆ, ‘ದ ಸಿಮ್ಸ್ 4’ ಎಂಬ ಆಟದಲ್ಲಿ. ಮನೆ ಕಟ್ಟಿ, ಸಂಸಾರ ಹೂಡಿ, ಅಡುಗೆ ಮಾಡಿಸಿ, ಕೆಲಸಕ್ಕೆ ಅಟ್ಟುವ ಆಟ. ಗೊಂಬೆ ಮದುವೆ ಆಡಿ ಬೆಳೆದವರಿಗೆ ಇದೇನೂ ಹೊಸದಲ್ಲ. ಮೊದಲ ‘ಸಿಮ್ಸ್’ ಬಂದದ್ದು 2000ದಲ್ಲಿ, ನಾಲ್ಕನೆಯದಕ್ಕೆ ನಾಯಿ ಬೆಕ್ಕುಗಳು ಸೇರಿಕೊಂಡದ್ದು 2017ರ ನವೆಂಬರಿನಲ್ಲಿ.

ಭಾನುವಾರ ಹೋದೆ. ಊರಿನಿಂದ ಬಂದಿರುವ ನನ್ನ ಅಮ್ಮ ಸೋಫಾದಲ್ಲಿ ಕುಳಿತು ಮೊಮ್ಮಗಳ ಪರದೆಯನ್ನೇ ನೋಡುತ್ತಿದ್ದರು. ‘ಮೂರು ದಿನದಿಂದ ನೋಡ್ತಿದೀನಿ ಕಣೋ, ಆ ಹೆಣ್ಣು ಬೆಕ್ಕಲ್ಲೇ ಏನೋ ದೋಷ. ಕುಕ್ಕೆಗೆ ಹರಕೆ ಹೊತ್ಕೊಳ್ಳಿ ಅಂದೆ’ ಎಂದರು. ನಗುತ್ತಲೇ ಹೇಳಿದ್ದು, ಒಪ್ಪುತ್ತೇನೆ. ಆದರೆ ಗಮನಿಸಿ: ಗಂಡು ಬೆಕ್ಕು ಪಕ್ಕದಲ್ಲೇ ಮೀಸೆ ನೆಕ್ಕಿಕೊಳ್ಳುತ್ತಾ ಕುಳಿತಿತ್ತು, ಅದರ ಮೇಲೆ ಯಾರ ಅನುಮಾನವೂ ಇರಲಿಲ್ಲ. ಮಕ್ಕಳಾಗದ ಮನೆಗಳಲ್ಲಿ ಡಾಕ್ಟರಿಗಿಂತ ಮೊದಲು ಜೋಯಿಸರು, ಗಂಡನ ಪರೀಕ್ಷೆಗಿಂತ ಮೊದಲು ಹೆಂಡತಿಯ ಜಾತಕ. ನಾಗದೋಷದ ಹೆಸರಿನಲ್ಲಿ ನಮ್ಮ ಹೆಣ್ಣುಮಕ್ಕಳು ತಿಂದ ಮಾತು ಕಡಿಮೆಯೇ? ಕಂಪ್ಯೂಟರ್ ಬೆಕ್ಕಿಗೂ ಅದೇ ಪಾಡು ಬಂದಿತಲ್ಲ ಎನಿಸಿತು.

ಕಾರಣ ಸಿಕ್ಕಿದ್ದು ಐದೇ ನಿಮಿಷದಲ್ಲಿ. ಬೆಕ್ಕುಗಳೆರಡೂ ಪ್ರಾಯಕ್ಕೆ ಬಂದಿದ್ದವು, ಯಾವುದಕ್ಕೂ ಸಂತಾನಹರಣದ ಆಪರೇಷನ್ ಆಗಿರಲಿಲ್ಲ. ತೊಂದರೆ ಇದ್ದದ್ದು ಮನೆಯಲ್ಲಿ. ಈ ಆಟದಲ್ಲಿ ಒಂದು ಮನೆಗೆ ಒಟ್ಟು ಎಂಟೇ ಜೀವ, ಸಾಕುಪ್ರಾಣಿಗಳೂ ಅದರಲ್ಲೇ ಲೆಕ್ಕ. ಹುಡುಗಿ ತನ್ನ ಮನೆಯನ್ನೇ ಇದ್ದ ಹಾಗೆ ಇಳಿಸಿದ್ದಳು: ಅಪ್ಪ, ಅಮ್ಮ, ತಾನು, ತಮ್ಮ, ಅಜ್ಜ, ಅಜ್ಜಿ. ಮೇಲೆ ಎರಡು ಬೆಕ್ಕು. ಎಂಟು ಭರ್ತಿ! ಮರಿಗೆ ಜಾಗವೇ ಇಲ್ಲದ ಮೇಲೆ ಆಟ ಬಸಿರಿಗೆ ಎಲ್ಲಿಂದ ಅಪ್ಪಣೆ ಕೊಡಬೇಕು?

‘ಹಾಗಾದ್ರೆ ಅಜ್ಜನ್ನೂ ತಮ್ಮನ್ನೂ ಪಕ್ಕದ ಮನೆಗೆ ಕಳಿಸ್ತೀನಿ’ ಎಂದಳು. ಊರಿನಲ್ಲೇ ಉಳಿದಿರುವ ನನ್ನ ಅಪ್ಪನಿಗೆ ಈ ಸುದ್ದಿ ಇನ್ನೂ ಮುಟ್ಟಿಲ್ಲ. ಸಂಜೆಯೊಳಗೆ ಬೆಕ್ಕಿಗೆ ಎರಡು ಮರಿ.

ಎರಡೂ ತಾಯಿಯ ಪಡಿಯಚ್ಚು. ಹುಡುಗಿಯ ಮುಖ ಮತ್ತೆ ಸಣ್ಣಗಾಯಿತು. ಗಂಡಿಗೆ ಅವಳೇ ಕುಂಚ ಹಿಡಿದು ಕಪ್ಪು, ಕಿತ್ತಳೆ, ಬಿಳಿ ಮೂರೂ ಬಳಿದಿದ್ದಳು, ಮರಿಗಳಿಗೆ ಅದು ಬಂದಿರಲಿಲ್ಲ. (ನಿಜದ ಲೋಕದಲ್ಲಿ ಅಂಥ ಗಂಡು ಸುಮಾರು ಮೂರು ಸಾವಿರಕ್ಕೊಂದು ಎನ್ನುತ್ತಾರೆ. ಕಿತ್ತಳೆಯ ಜೀನ್ ಇರುವುದು ಎಕ್ಸ್ ಕ್ರೋಮೋಸೋಮಿನಲ್ಲಿ. ಕಪ್ಪೂ ಕಿತ್ತಳೆಯೂ ಒಟ್ಟಿಗೆ ಬರಬೇಕಾದರೆ ಎರಡು ಎಕ್ಸ್ ಬೇಕು, ಗಂಡಿಗಿರುವುದು ಒಂದೇ. ಲಿಂಗದ ಜೊತೆಗೆ ಬಣ್ಣವೂ ಹೀಗೆ ಗಂಟು ಬಿದ್ದಿರುತ್ತದೆ ಎಂಬುದನ್ನು 1910ರಲ್ಲಿ ನ್ಯೂಯಾರ್ಕಿನ ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ ಥಾಮಸ್ ಹಂಟ್ ಮಾರ್ಗನ್ ಬಿಳಿಗಣ್ಣಿನ ಒಂದು ಹಣ್ಣಿನ ನೊಣ ಹಿಡಿದುಕೊಂಡು ತೋರಿಸಿಕೊಟ್ಟ. ಬೆಕ್ಕಿನ ಆ ಜೀನ್ ಯಾವುದೆಂದು ಪತ್ತೆಯಾದದ್ದು ಮಾತ್ರ ಮೊನ್ನೆ ಮೊನ್ನೆ. ಸ್ಟ್ಯಾನ್‌ಫರ್ಡ್ ಮತ್ತು ಜಪಾನಿನ ಕ್ಯೂಶೂವಿನ ಎರಡು ತಂಡಗಳು 2025ರ ಮೇ ತಿಂಗಳಲ್ಲಿ ಪ್ರಕಟಿಸಿದವು.)

‘ಹಾಗಾದ್ರೆ ಯಾರೂ ಬಣ್ಣ ಬಳಿಯದೆ, ಕಂಪ್ಯೂಟರಿನಲ್ಲಿ ತಾನಾಗೇ ಹೊಸದೊಂದು ಹುಟ್ಟೋದೇ ಇಲ್ವಾ ದೊಡ್ಡಪ್ಪ?’

ಹುಟ್ಟಿದೆ ಮಗಳೇ. ನಮ್ಮ ನ್ಯೂಜೆರ್ಸಿಯಲ್ಲೇ, ನಿನ್ನ ಅಜ್ಜಿ ಚಿಕ್ಕ ಹುಡುಗಿಯಾಗಿದ್ದಾಗ.

ನಾನಿರುವ ಎಡಿಸನ್‌ನಿಂದ ರೂಟ್ ಒಂದು ಹಿಡಿದು ದಕ್ಷಿಣಕ್ಕೆ ಅರ್ಧ ಗಂಟೆ ಹೋದರೆ ಪ್ರಿನ್ಸ್‌ಟನ್. ಅಲ್ಲಿನ ಇನ್‌ಸ್ಟಿಟ್ಯೂಟ್ ಫಾರ್ ಅಡ್ವಾನ್ಸ್ಡ್ ಸ್ಟಡಿಯಲ್ಲಿ ಐನ್‌ಸ್ಟೈನ್ ಇದ್ದರು ಎಂಬುದು ಎಲ್ಲರಿಗೂ ಗೊತ್ತು. ಅದೇ ಆವರಣದ ಇಟ್ಟಿಗೆ ಕಟ್ಟಡವೊಂದರಲ್ಲಿ ಗಣಿತಜ್ಞ ಜಾನ್ ವಾನ್ ನಾಯ್‌ಮನ್ ಕಟ್ಟಿಸಿದ ಕಂಪ್ಯೂಟರೂ ಇತ್ತು. 1952ರಲ್ಲಿ ಲೋಕಾರ್ಪಣೆಯಾದ ಯಂತ್ರ. ಅದರ ನೆನಪಿನ ಶಕ್ತಿ 40,960 ಬಿಟ್, ಅಂದರೆ ಐದು ಕಿಲೋಬೈಟ್. ನಿಮ್ಮ ಸೋದರಮಾವ ದಿನಾ ಬೆಳಿಗ್ಗೆ ವಾಟ್ಸ್ಯಾಪಿನಲ್ಲಿ ಕಳಿಸುವ ‘ಶುಭೋದಯ’ದ ಗುಲಾಬಿ ಹೂವು ಅದರಲ್ಲಿ ಹಿಡಿಸುವುದಿಲ್ಲ, ಎಸಳೊಂದು ಹಿಡಿಸಿದರೆ ಹೆಚ್ಚು. ಆ ಐದು ಕಿಲೋಬೈಟಿನಲ್ಲೇ ಹವಾಮಾನದ ಲೆಕ್ಕ ನಡೆಯಿತು, ಹೈಡ್ರೋಜನ್ ಬಾಂಬಿನ ಲೆಕ್ಕವೂ ನಡೆಯಿತು. ಈ ಲೆಕ್ಕದವರೆಲ್ಲ ಬಿಟ್ಟುಕೊಟ್ಟ ರಾತ್ರಿ ಹೊತ್ತಿನಲ್ಲಿ ಯಂತ್ರದ ಮುಂದೆ ಬಂದು ಕೂರುತ್ತಿದ್ದವನು ನಿಲ್ಸ್ ಆಲ್ ಬ್ಯಾರಿಚೆಲ್ಲಿ.

ತಂದೆ ಇಟಲಿಯವರು, ತಾಯಿ ನಾರ್ವೆಯವರು, ಹುಟ್ಟಿದ್ದು ರೋಮ್‌ನಲ್ಲಿ, 1912ರಲ್ಲಿ. ಹಟಮಾರಿ. ಪಿಎಚ್‌ಡಿಗೆಂದು ಐನೂರು ಪುಟದ ಪ್ರಬಂಧ ಬರೆದ. ಉದ್ದವಾಯಿತು, ಮೊಟಕುಮಾಡು ಎಂದರು. ನಿಮ್ಮ ಪದವಿಯೇ ಬೇಡ ಎಂದು ಎದ್ದು ಬಂದ. ನನಗೆ ಈ ಮನುಷ್ಯ ಇಷ್ಟವಾಗುವುದಕ್ಕೆ ಇದೂ ಒಂದು ಕಾರಣ. ಎರಡು ಪುಟ ಕಡಿಮೆ ಮಾಡಿ ಎಂದು ಸಂಪಾದಕರು ಹೇಳಿದಾಗಲೆಲ್ಲ ಅವನ ನೆನಪಾಗುತ್ತದೆ, ಆಮೇಲೆ ಕಡಿಮೆ ಮಾಡುತ್ತೇನೆ.

1953ರ ಮಾರ್ಚ್ ಆರಂಭದಲ್ಲಿ ಬ್ಯಾರಿಚೆಲ್ಲಿ ಆ ಯಂತ್ರದೊಳಗೆ 512 ಮನೆಗಳ ಒಂದು ಜಗತ್ತು ಮಾಡಿದ. ಮನೆ ಅಂದರೆ ಚೌಕಾಬಾರದ ಮನೆಯ ಹಾಗೆ, ಸಾಲಾಗಿ. ಕೊನೆಯ ಮನೆ ದಾಟಿದರೆ ಮತ್ತೆ ಮೊದಲನೆಯದು. ಕೆಲವು ಮನೆಗಳಲ್ಲಿ ಅಂಕಿ ಕೂರಿಸಿದ, ಉಳಿದವು ಖಾಲಿ. ಯಾವ ಅಂಕಿ ಎಲ್ಲಿ ಎಂಬುದನ್ನು ತಾನು ಆರಿಸಲಿಲ್ಲ, ಇಸ್ಪೀಟು ಕಲಸಿ ಎಳೆದ. ಡಿಎನ್‌ಎಯ ಜೋಡಿಸುರುಳಿಯ ಸುದ್ದಿ ಅಚ್ಚಾದದ್ದು ಅದೇ ವರ್ಷದ ಏಪ್ರಿಲ್ 25ಕ್ಕೆ. ಅಂದರೆ ಜೀನ್ ಹೇಗಿರುತ್ತದೆ ಎಂದು ಲೋಕಕ್ಕೆ ಸರಿಯಾಗಿ ತಿಳಿಯುವ ಮೊದಲೇ ಈತ ಜೀನ್‌ಗಳ ಬದಲು ಅಂಕಿ ಇಟ್ಟು ಸಂತಾನ ಮಾಡಿಸಲು ಹೊರಟಿದ್ದ.

ನಿಯಮ ಹೇಳುವುದಕ್ಕಿಂತ ಆಡಿ ತೋರಿಸುವುದು ಮೇಲು. ಅಡುಗೆಮನೆಯ ಮೇಜಿನ ಮೇಲೆ ಹುಡುಗಿಯ ಗಣಿತದ ಚೌಕುಳಿ ಪುಸ್ತಕ ಬಿಚ್ಚಿದೆವು. ಒಂದು ಸಾಲಿನಲ್ಲಿ ಮೂವತ್ತು ಮನೆ. ಇಸ್ಪೀಟಿನ ಕಪ್ಪು ಎಲೆ ಅಂದರೆ ಅಷ್ಟು ಮನೆ ಬಲಕ್ಕೆ, ಕೆಂಪು ಎಲೆ ಅಂದರೆ ಅಷ್ಟು ಮನೆ ಎಡಕ್ಕೆ. ಹತ್ತನೆಯ ಮನೆಯಲ್ಲಿ ಕಪ್ಪು 5 ಇಟ್ಟೆ. ಕೆಳಗಿನ ಸಾಲು ಮುಂದಿನ ತಲೆಮಾರು, ಅಲ್ಲಿ ಅದು ಹದಿನೈದಕ್ಕೆ ಹೋಗುತ್ತದೆ. ಅದರ ಕೆಳಗೆ ಇಪ್ಪತ್ತಕ್ಕೆ. ಒಂಟಿ ಅಂಕಿ ನಡೆಯುತ್ತದೆ, ಹೆರುವುದಿಲ್ಲ.

ಈಗ ಮತ್ತೆ ಮೊದಲಿನಿಂದ. ಹತ್ತರಲ್ಲಿ ಕಪ್ಪು 5, ಹದಿನೈದರಲ್ಲಿ ಕೆಂಪು 3. ಐದು ಕಾಲಿಡಬೇಕಾದ ಹದಿನೈದನೆಯ ಮನೆಯಲ್ಲಿ ಈಗಾಗಲೇ ಒಬ್ಬರಿದ್ದಾರೆ. ಬ್ಯಾರಿಚೆಲ್ಲಿಯ ನಿಯಮ ಇಲ್ಲಿದೆ ನೋಡಿ: ಹಾಗೆ ಯಾರಾದರೂ ಇದ್ದರೆ, ಅವರ ಅಂಕಿಯಷ್ಟು ಮನೆ ಸರಿದು ಇನ್ನೊಂದು ಪ್ರತಿಯೂ ಹುಟ್ಟಬೇಕು. ಐದು ತಾನು ಹದಿನೈದಕ್ಕೆ ಹೋಯಿತು. ಕೆಂಪು ಮೂರರ ದೆಸೆಯಿಂದ, ಹತ್ತರಿಂದ ಮೂರು ಎಡಕ್ಕೆ, ಏಳನೆಯ ಮನೆಯಲ್ಲಿ ಇನ್ನೊಂದು 5 ಹುಟ್ಟಿತು. ಕೆಂಪು 3 ತನ್ನ ಪಾಡಿಗೆ ಹನ್ನೆರಡಕ್ಕೆ ಸರಿಯಿತು. ಮೂರನೆಯ ಸಾಲಿನಲ್ಲಿ ಏಳರ ಐದು ಹನ್ನೆರಡಕ್ಕೆ ಹೊರಟರೆ ಅಲ್ಲಿ ಅದೇ ಕೆಂಪು 3 ಕಾದಿದೆ! ಮತ್ತೊಂದು ಮರಿ, ನಾಲ್ಕನೆಯ ಮನೆಯಲ್ಲಿ. ಸಾಲಿನ ಅಂಚು ಮುಟ್ಟುವ ತನಕ ಹೀಗೆ ತಲೆಮಾರಿಗೊಂದು ಐದು ಹೆಚ್ಚುತ್ತ ಹೋಗುತ್ತದೆ. ಕೆಂಪು ಮೂರು ಮಾತ್ರ ಅಲ್ಲಿಯವರೆಗೂ ಒಂದೇ. ಎಲ್ಲ ಹೆರಿಗೆಗೂ ಹಾಜರು, ತನಗೊಂದು ಮಗುವಿಲ್ಲ.

‘ಸೂಲಗಿತ್ತಿ ಕಣೋ ಅದು’ ಎಂದರು ಅಮ್ಮ, ಕನ್ನಡಕ ಸರಿಮಾಡಿಕೊಂಡು. ಇಷ್ಟು ವರ್ಷ ವಿಜ್ಞಾನ ಬರೆದ ನನಗೆ ಹೊಳೆಯದ ಪದ.

ಆ ಸೂಲಗಿತ್ತಿಯನ್ನು ಹದಿನೈದರ ಬದಲು ಹದಿನಾಲ್ಕನೆಯ ಮನೆಯಲ್ಲಿ ಕೂರಿಸಿ. ಒಂದೇ ಮನೆ ಆಚೀಚೆ. ಐದು ಬಲಕ್ಕೆ ಹೋಗುತ್ತದೆ, ಮೂರು ಎಡಕ್ಕೆ ಹೋಗುತ್ತದೆ, ಪರಸ್ಪರ ಮುಟ್ಟುವುದೇ ಇಲ್ಲ. ಸಂತಾನವಿಲ್ಲ. ದೋಷ ಐದರದ್ದಲ್ಲ, ಮೂರರದ್ದೂ ಅಲ್ಲ.

ಪ್ರಿನ್ಸ್‌ಟನ್ನಿನ 512 ಮನೆಗಳಲ್ಲಿ ಇದೇ ಆಟ ಸಾವಿರಾರು ತಲೆಮಾರು ಓಡಿತು. ಒಂದಕ್ಕೊಂದು ಆಸರೆಯಾಗಿ, ಗುಂಪಾಗಿ ಮರುಹುಟ್ಟುವ ಅಂಕಿಗಳ ಕಟ್ಟುಗಳು ತಾವಾಗಿ ಮೂಡಿದವು. ಪೆಟ್ಟಾದರೆ ರಿಪೇರಿ ಮಾಡಿಕೊಂಡವು. ಎರಡು ಕಟ್ಟು ಸಂಧಿಸಿದಾಗ ಅಂಕಿ ಕೊಡುಕೊಳ್ಳುವಿಕೆ ನಡೆಯಿತು. ಪರರ ಆಸರೆಯಲ್ಲೇ ಬೆಳೆದು ಕೊನೆಗೆ ಅವರನ್ನೇ ಮುಗಿಸುವ ಬದನಿಕೆಗಳೂ ಹುಟ್ಟಿದವು. ಮಾವಿನ ಮರದ ಮೇಲಿನ ಬದನಿಕೆಯನ್ನು ಕಂಡವರಿಗೆ ಬಿಡಿಸಿ ಹೇಳಬೇಕಿಲ್ಲ. ಜೀನ್‌ಗಳೂ ಮೊದಲು ಬಿಡಿಬಿಡಿಯಾಗಿ ಬದುಕಿದ್ದು ಆಮೇಲೆ ಕೂಡು ಸಂಸಾರಕ್ಕೆ ಬಂದವು ಎಂಬುದು ಬ್ಯಾರಿಚೆಲ್ಲಿಯ ವಾದವಾಗಿತ್ತು. ‘ವಿಕಾಸ ಅಂದರೆ ಬಲವಿದ್ದವನು ಇಲ್ಲದವನನ್ನು ತಿನ್ನುವುದು’ ಎಂದು ಮದುವೆ ಊಟದ ಪಂಕ್ತಿಯಲ್ಲಿ ಗಟ್ಟಿಯಾಗಿ ಹೇಳುವವರನ್ನು ಕಂಡಾಗ ನನಗೆ ಈ ಚೌಕುಳಿ ಪುಸ್ತಕವನ್ನು ಅವರ ಎಲೆಯ ಪಕ್ಕ ಬಿಚ್ಚಿಡುವ ಆಸೆಯಾಗುತ್ತದೆ.

ಅವನಿಗೂ ತೊಂದರೆಗಳು ಬಂದವು, ಹುಡುಗಿಗೆ ಬಂದಂಥವೇ. ಮೊದಲನೆಯದು, ತಪ್ಪು ಯಾರದ್ದು? ಕ್ಯಾಥೋಡ್ ಕಿರಣದ ನಲವತ್ತು ಕೊಳವೆಗಳೇ ಆ ಯಂತ್ರದ ನೆನಪು. ಸ್ವಲ್ಪ ಏರುಪೇರಾದರೂ ಅಂಕಿ ಅಳಿಸಿಹೋಗುತ್ತಿತ್ತು. ಕೆಲಸದ ದಿನಚರಿ ಪುಸ್ತಕ ಇಂದಿಗೂ ಉಳಿದಿದೆ. ಮಾರ್ಚ್ 4ರಂದು, ತಪ್ಪು ತನ್ನ ಕೋಡ್‌ನಲ್ಲೇ ಇದೆ, ಯಂತ್ರ ನಿರಪರಾಧಿ ಎಂದು ಬ್ಯಾರಿಚೆಲ್ಲಿ ಬರೆದಿಟ್ಟಿದ್ದಾನೆ. ಇನ್ನೊಂದು ಕಡೆ, ಕೋಡ್ ಸರಿಯಿದೆ, ತಪ್ಪಿರುವುದು ಯಂತ್ರದಲ್ಲಿ ಎಂಬುದು ಡಾಕ್ಟರ್ ಬ್ಯಾರಿಚೆಲ್ಲಿಯ ವಾದ ಎಂದು ಕುಟುಕುವ ಸಾಲಿದೆ. ಪದವಿ ಬೇಡ ಎಂದವನನ್ನು ಡಾಕ್ಟರ್ ಎಂದು ಕರೆದದ್ದು ಗೌರವಕ್ಕೋ ಗೇಲಿಗೋ!

ಎರಡನೆಯ ತೊಂದರೆ ದೊಡ್ಡದು. ಸ್ವಲ್ಪ ಕಾಲ ಬಿಟ್ಟರೆ ಒಂದೇ ಬಗೆಯ ಕಟ್ಟು ಇಡೀ ಜಗತ್ತನ್ನು ಆವರಿಸಿಬಿಡುತ್ತಿತ್ತು. ನೂರಾರು ಮನೆ, ಎಲ್ಲೆಲ್ಲೂ ಅದೇ ಅಂಕಿ. ಆಮೇಲೆ ಎಷ್ಟು ತಲೆಮಾರು ಓಡಿಸಿದರೂ ಹೊಸದೇನೂ ಇಲ್ಲ, ಹುಡುಗಿಯ ಎರಡು ಮರಿಗಳ ಹಾಗೆ. ಬ್ಯಾರಿಚೆಲ್ಲಿ ಎರಡು ಉಪಾಯ ಮಾಡಿದ. ಜಗತ್ತಿನ ಬೇರೆ ಬೇರೆ ಕೇರಿಗಳಿಗೆ ಬೇರೆ ಬೇರೆ ಮಾರ್ಪಾಟಿನ ನಿಯಮ ಹಾಕಿದ. ಒಂದರ ಬದಲು ಹಲವು ಜಗತ್ತುಗಳನ್ನು ಓಡಿಸಿ, ನಡುನಡುವೆ ಒಂದರ ತುಂಡನ್ನು ಇನ್ನೊಂದಕ್ಕೆ ತಂದು ಸೇರಿಸಿದ. ಹೊರಗಿನ ನೆಂಟರು ಬಂದೊಡನೆ ನಿಂತ ನೀರು ಮತ್ತೆ ಕದಲಿತು. ಬಿತ್ತನೆ ರಾಗಿಯನ್ನು ಪಕ್ಕದೂರಿನಿಂದ ಬದಲಾಯಿಸಿಕೊಂಡು ತರುತ್ತಿದ್ದ ನನ್ನಜ್ಜನಿಗೆ ಇದನ್ನು ಹೇಳಿದ್ದರೆ, ‘ಇದಕ್ಕೆ ಕಂಪ್ಯೂಟರ್ ಯಾಕೆ ಬೇಕಿತ್ತು’ ಎಂದು ಕೇಳುತ್ತಿದ್ದರೇನೋ.

ಮುಂದೆ ಐಬಿಎಂ 704 ಬಂದಮೇಲೆ ಬ್ಯಾರಿಚೆಲ್ಲಿ ತನ್ನ ಅಂಕಿಜೀವಿಗಳಿಗೆ ‘ಟ್ಯಾಕ್ ಟಿಕ್ಸ್’ ಎಂಬ ಕಾಯಿ ಎತ್ತುವ ಆಟವನ್ನೂ ಆಡಲು ಬಿಟ್ಟ. ಗೆದ್ದವು ವಂಶ ಬೆಳೆಸಿದವು, ಸೋತವು ಜಾಗ ಬಿಟ್ಟವು. ತಲೆಮಾರು ಕಳೆದಂತೆ ಆಟ ಸುಧಾರಿಸಿತು. ಮಕ್ಕಳ ಆಟದಲ್ಲಿ ನಿಜವಾಗಿ ಜೀನ್ ಇಟ್ಟ ಕೆಲಸ ಆಮೇಲೆ ಅಪರೂಪಕ್ಕೆ ನಡೆಯಿತು. 1996ರ ‘ಕ್ರಿಯೇಚರ್ಸ್’ ಅಂಥದ್ದು. ಸ್ಟೀವ್ ಗ್ರ್ಯಾಂಡ್ ಮಾಡಿದ ಆ ಆಟದ ‘ನಾರ್ನ್’ ಮರಿಗಳಲ್ಲಿ ತಂದೆತಾಯಿಯ ಜೀನ್‌ಗಳು ಬೆರೆಯುವುದೂ ಇತ್ತು, ತಪ್ಪಿ ಬದಲಾಗುವುದೂ ಇತ್ತು.

ಪ್ರಿನ್ಸ್‌ಟನ್ನಿನ ಯಂತ್ರವನ್ನು 1958ರಲ್ಲಿ ಆರಿಸಿದರು. ಅದೀಗ ವಾಷಿಂಗ್ಟನ್ನಿನ ಸ್ಮಿತ್ಸೋನಿಯನ್ ಸಂಗ್ರಹದಲ್ಲಿದೆ. ಬ್ಯಾರಿಚೆಲ್ಲಿ ತೀರಿಕೊಂಡದ್ದು 1993ರಲ್ಲಿ.

ಅಂದು ಊಟವಾದ ಮೇಲೂ ಹುಡುಗಿ ಮೇಜು ಬಿಟ್ಟು ಏಳಲಿಲ್ಲ. ಸೂಲಗಿತ್ತಿಗೂ ಒಂದು ಮಗುವಾಗಬೇಕು ಎಂದು ಹಟ ಹಿಡಿದಿದ್ದಳು. ಎರಡೂ ಎಲೆಗಳು ಹೆರುವಂಥ ಜೋಡಿ ಇದೆ. ಇಪ್ಪತ್ತು ನಿಮಿಷದಲ್ಲಿ ಅವಳೇ ಕಂಡುಹಿಡಿದಳು. ಯಾವ ಜೋಡಿ ಎಂದು ನಾನು ಹೇಳುವುದಿಲ್ಲ. ಮನೆಯಲ್ಲಿ ಒಂದು ಕಟ್ಟು ಇಸ್ಪೀಟು, ಒಂದು ಚೌಕುಳಿ ಪುಸ್ತಕ ಇದ್ದರೆ ಸಾಕು, ಹುಡುಕಿ. ಸಿಕ್ಕರೆ ಒಂದು ಸಾಲು ಬರೆದು ತಿಳಿಸಿ.