ಒಂದೇ ಹಾಳೆ, ಎಂಟು ಪುಟ, ಅದರೊಳಗೊಂದು ಓಣಿ!

ಒಂದು ಬಿಳಿ ಎ4 ಹಾಳೆ ತೆಗೆದುಕೊಳ್ಳಿ. ಮಡಚಿ, ಮತ್ತೆ ಮಡಚಿ, ಇನ್ನೂ ಒಮ್ಮೆ ಮಡಚಿ. ಬಿಡಿಸಿದರೆ ಎಂಟು ಮನೆಗಳು ಮೂಡಿರುತ್ತವೆ. ನಟ್ಟನಡುವಿನ ಅಡ್ಡಗೆರೆಯ ಮೇಲೆ, ಆ ಕಡೆ ಈ ಕಡೆಯ ಒಂದೊಂದು ಮನೆ ಬಿಟ್ಟು, ಕತ್ತರಿ ಆಡಿಸಿ. ಈಗ ಹಾಳೆಯನ್ನು ಉದ್ದುದ್ದ ಮಡಚಿ, ಎರಡೂ ತುದಿ ಹಿಡಿದು ಒಳಕ್ಕೆ ತಳ್ಳಿ. ಸೀಳು ಬಾಯಿ ಬಿಡುತ್ತದೆ, ಹಾಳೆ ಅಧಿಕ ಚಿಹ್ನೆಯಾಗಿ ಎದ್ದು ನಿಲ್ಲುತ್ತದೆ. ಇನ್ನೊಂದು ತಳ್ಳು, ಅಷ್ಟೇ. ಅಂಗೈ ಮೇಲೆ ಪುಸ್ತಕ! ಹೊಲಿಗೆ ಇಲ್ಲ, ಪಿನ್ನು ಇಲ್ಲ, ಅಂಟು ಇಲ್ಲ. ಮುಖಪುಟವಿದೆ, ಹಿಂಬದಿಯ ಪುಟವಿದೆ, ನಡುವೆ ಆರು ಪುಟಗಳಿವೆ. ಒಂದು ಸಾಲಿನ ಪುಟಗಳನ್ನು ತಲೆಕೆಳಗಾಗಿ ಬರೆಯಬೇಕು ಎಂಬುದೊಂದೇ ಗುಟ್ಟು. ಆ ಹಾಳೆಯನ್ನು ಹಾಗೇ ಬಿಡಿಸಿ ಜೆರಾಕ್ಸ್ ಅಂಗಡಿಗೆ ಒಯ್ದರೆ ಒಂದು ಪುಟದ ದುಡ್ಡಿಗೆ ಒಂದು ಪುಸ್ತಕದ ಪ್ರತಿ ಬರುತ್ತದೆ. ಸಂಪಾದಕ ನೀವೇ, ಮುದ್ರಕ ನೀವೇ, ಹಂಚುವ ಹುಡುಗನೂ ನೀವೇ!

ಇಂಥದ್ದನ್ನು ಜಗತ್ತು ಝೀನ್ ಎನ್ನುತ್ತದೆ. ನನಗೆ ಅದರ ಹೆಸರು ಗೊತ್ತಾದದ್ದು ಆಮೇಲೆ. ವಸ್ತು ಮೊದಲು ಸಿಕ್ಕಿತು, ಅದೂ ಧಾರವಾಡದ ನಮ್ಮ ಕೆಲಗೇರಿಯಲ್ಲಿ, ಕೆರೆಗೆ ಕೂಗಳತೆಯ ದೂರದ ಒಂದು ಮನೆಯಲ್ಲಿ. ರದ್ದಿಗೆ ಹಾಕಲೆಂದು ಕಟ್ಟಿಟ್ಟ ನೋಟ್‌ಬುಕ್ಕುಗಳ ನಡುವಿಂದ ಅದು ಜಾರಿ ಬಿತ್ತು. ಮುಖಪುಟದಲ್ಲಿ ನೀಲಿ ಬಾಲ್‌ಪೆನ್ನಿನ ಅಕ್ಷರ: ‘ನಮ್ಮ ಓಣಿ, ಮೇ 2021’. ಎರಡನೇ ಲಾಕ್‌ಡೌನಿನ ತಿಂಗಳು! ಮಾಡಿದಾಕೆ ಆಗ ಎಂಟನೇ ಇಯತ್ತೆಯ ಹುಡುಗಿ, ಈಗ ಕಾಲೇಜು. ‘ಅಯ್ಯ, ಅದರಾಗ ಏನೈತ್ರಿ ಕಾಕಾ, ಬ್ಯಾಸರಕ್ಕ ಮಾಡಿದ್ದು’ ಎಂದು ಕಸಿದುಕೊಳ್ಳಲು ಬಂದಳು. ಕೊಡಲಿಲ್ಲ. ಕೊಡುವುದು ಹೇಗೆ?

ಎರಡನೇ ಪುಟ ನೋಡಿ. ‘ಸಪ್ಪಳ’ ಎಂದು ತಲೆಬರಹ. ಎಡಗಡೆ ಗಂಟೆಗಳು, ಬಲಗಡೆ ಆಯಾ ಹೊತ್ತಿನ ಸಪ್ಪಳಗಳು. ಮುಂಜಾನೆ ಆರಕ್ಕೆ ಹಾಲಿನವನ ಗಾಡಿ. ಆರೂವರೆಗೆ ಕಸದ ಗಾಡಿಯ ಹಾಡು. ಏಳಕ್ಕೆ ತಳ್ಳುಗಾಡಿಯವನ ‘ಮೆಂತೇ ಪಲ್ಲೆ, ಪುಂಡಿ ಪಲ್ಲೆ’. ಹತ್ತಕ್ಕೆ ಪೊಲೀಸರ ಸೀಟಿ. ಅಂಗಡಿ ತೆರೆಯಲು ಆಗ ಬೆಳಗಿನ ಆರರಿಂದ ಹತ್ತರವರೆಗೆ ಮಾತ್ರ ಅವಕಾಶ ಇತ್ತಲ್ಲ, ಆ ಸೀಟಿ! ಹತ್ತರ ಮುಂದೆ ಗಂಟೆಗಳನ್ನಷ್ಟೇ ಬರೆದಿದ್ದಾಳೆ. ಹನ್ನೊಂದು, ಹನ್ನೆರಡು, ಒಂದು, ಎರಡು. ಎದುರಿಗೆ ಏನೂ ಇಲ್ಲ. ಮೂರರ ಎದುರು ಮಾತ್ರ ‘ಆ್ಯಂಬುಲೆನ್ಸ್ (ದೂರ)’. ಮತ್ತೆ ಖಾಲಿ. ಆ ದಿನಗಳ ಮಧ್ಯಾಹ್ನಗಳು ಹೇಗಿದ್ದವು ಎಂದು ಇದಕ್ಕಿಂತ ಚೆನ್ನಾಗಿ ಹೇಳಿದ ಒಂದು ಸಾಲನ್ನೂ ನಾನು ಓದಿಲ್ಲ.

ಇನ್ನೊಂದು ಪುಟಕ್ಕೆ ಅಜ್ಜಿಯ ಇಳಕಲ್ ಸೀರೆಯ ತುಣುಕನ್ನೇ ಅಂಟಿಸಿದ್ದಾಳೆ, ಬೆರಳಗಲದ್ದು. ಕೆಳಗೆ: ‘ಅಜ್ಜಿ ಹಳೇ ಸೀರೀಲೆ ಮಾಸ್ಕ್ ಹೊಲದ್ಲು. ದಡಿ ಮ್ಯಾಲೆ ಬರಬೇಕಂತ.’ ಮುಂದಿನ ಪುಟದಲ್ಲಿ ಒಂದು ಫೋನು, ಸುತ್ತಲೂ ಮೂರು ತಲೆಗಳು. ಮನೆಯಲ್ಲಿ ಕ್ಲಾಸು ಕೇಳಬೇಕಾದ ಮಕ್ಕಳು ಮೂವರು, ಫೋನು ಒಂದು. ಯಾರಿಗೆ ಎಷ್ಟು ಹೊತ್ತು ಎಂಬ ವೇಳಾಪಟ್ಟಿಯೂ ಇದೆ, ಅದರಲ್ಲಿ ತಮ್ಮನ ಹೆಸರನ್ನು ಹೊಡೆದುಹಾಕಿ ತನ್ನ ಹೆಸರು ಬರೆದುಕೊಂಡದ್ದೂ ಕಾಣುತ್ತದೆ!

ಇಷ್ಟಕ್ಕೇ ನಾನು ಮಾತು ಕಳೆದುಕೊಂಡಿದ್ದೆ. ಆಗ ಅವಳೇ ಹೇಳಿದಳು: ‘ಕಾಕಾ, ಪೂರ್ತಿ ಬಿಚ್ಚಿ ನೋಡ್ರಿ.’

ಬಿಚ್ಚಿದೆ. ಮಡಿಕೆಯ ಪುಸ್ತಕಕ್ಕೆ ಒಂದು ಒಳಮೈ ಇರುತ್ತದೆ ಎಂಬುದೇ ನನಗೆ ಹೊಳೆದಿರಲಿಲ್ಲ! ಹಾಳೆಯ ಒಂದೇ ಮಗ್ಗುಲಲ್ಲಿ ಎಂಟೂ ಪುಟ ಮುಗಿದಿರುತ್ತವೆ. ಇನ್ನೊಂದು ಮಗ್ಗುಲು ಮಡಿಕೆಯೊಳಗೆ ಅಡಗಿ ಕೂತಿರುತ್ತದೆ. ಅಲ್ಲಿ, ನಡುವಿನ ಸೀಳಿನ ಎರಡೂ ಬದಿಗೆ, ಇಡೀ ಓಣಿಯ ನಕ್ಷೆ. ಸೀಳನ್ನೇ ರಸ್ತೆ ಮಾಡಿದ್ದಾಳೆ! ಮೇಲುಗಡೆ ಕೆರೆ, ಅದರ ತುಂಬ ಹಸಿರು ಸ್ಕೆಚ್‌ಪೆನ್ನಿನ ಅಂತರಗಂಗೆ. ಒಂದು ಮಾಳಿಗೆಯಿಂದ ಇನ್ನೊಂದು ಮಾಳಿಗೆಗೆ ಹಗ್ಗ, ಹಗ್ಗಕ್ಕೊಂದು ಬುಟ್ಟಿ, ಬುಟ್ಟಿಯಲ್ಲಿ ಬದನೆಕಾಯಿ. ಆಗ ಓಣಿಯ ಒಂದು ಮನೆ ಸೋಂಕಿನಿಂದ ಸೀಲ್‌ಡೌನ್ ಆಗಿತ್ತು, ಅದು ಯಾವುದು ಎಂದು ಹುಡುಕಿದೆ. ಗುರುತೇ ಇಲ್ಲ. ಕೇಳಿದರೆ, ‘ಅವರಿಗೆ ಬ್ಯಾಸರ ಆಗ್ತದಂತ ಬಿಟ್ಟೇನ್ರಿ’ ಅಂದಳು. ಗೇಟಿಗೆ ನೋಟಿಸು ಅಂಟಿಸಿ ಹೋಗುವ ದೊಡ್ಡವರಿಗೆ ಬಾರದ ಸಂಪಾದಕೀಯ ವಿವೇಕ ಅದು.

ಅವತ್ತಿನಿಂದ ನನಗೆ ಇದರದೇ ಹುಚ್ಚು. ಹುಡುಕುತ್ತ ಹೋದಂತೆ ತೆರೆದುಕೊಂಡದ್ದೆಲ್ಲ ಬೆರಗೇ. 1930ರಲ್ಲಿ ಅಮೆರಿಕದ ವಿಜ್ಞಾನ ಕಥೆಗಳ ಓದುಗರು ‘ದಿ ಕಾಮೆಟ್’ ಎಂಬ ಪತ್ರಿಕೆಯನ್ನು ತಾವೇ ಹೊರಡಿಸಿದರು; ಝೀನ್‌ಗಳ ವಂಶಾವಳಿಯನ್ನು ಸಾಮಾನ್ಯವಾಗಿ ಅಲ್ಲಿಂದಲೇ ಹೇಳುತ್ತಾರೆ. 1976ರಲ್ಲಿ ಲಂಡನ್ನಿನ ಮಾರ್ಕ್ ಪೆರಿ ಎಂಬ ಯುವಕ ಟೈಪ್‌ರೈಟರ್, ದಪ್ಪ ಪೆನ್ನು ಹಿಡಿದು ‘ಸ್ನಿಫಿನ್ ಗ್ಲೂ’ ಶುರು ಮಾಡಿದ. ಅದು ಪಂಕ್ ಸಂಗೀತದ ಹುಡುಗರ ಮುಖವಾಣಿಯಾಯಿತು. ಆಮೇಲೆ ಜೆರಾಕ್ಸ್ ಯಂತ್ರ ಇದ್ದಲ್ಲೆಲ್ಲ ಝೀನ್. 2020ರಲ್ಲಿ ಜಗತ್ತೆಲ್ಲ ಮನೆಯೊಳಗೆ ಕೂತಾಗ ಇದಕ್ಕೆ ‘ಕ್ವಾರನ್‌ಝೀನ್’ ಎಂಬ ಹೊಸ ಹೆಸರೂ ಹುಟ್ಟಿತು. ಕಿಟಕಿ, ರೊಟ್ಟಿ, ಬೆಕ್ಕು, ಬೇಸರ — ಯಾವುದರ ಮೇಲಾದರೂ ಎಂಟು ಪುಟ!

ಅದು ಹೊರಗಿನವರ ಕಥೆ ಎಂದು ಬಿಡಬೇಡಿ. ಕನ್ನಡದ ಮೊದಲ ಪತ್ರಿಕೆ ‘ಮಂಗಳೂರ ಸಮಾಚಾರ’ ಹುಟ್ಟಿದ್ದು ಹೇಗೆ? 1843ರ ಜುಲೈ 1ರಂದು ಬಾಸೆಲ್ ಮಿಷನ್ನಿನ ಹರ್ಮನ್ ಮೋಗ್ಲಿಂಗ್ ಅದನ್ನು ಹೊರತಂದದ್ದು ಕಲ್ಲಚ್ಚಿನಲ್ಲಿ. ಕಲ್ಲಚ್ಚಿನಲ್ಲಿ ಮೊಳೆ ಜೋಡಿಸುವ ಕೆಲಸವೇ ಇಲ್ಲ. ಜಿಡ್ಡಿನ ಮಸಿಯಿಂದ ಬರೆದ ಅಕ್ಷರ ಕಲ್ಲಿನ ಮೇಲೆ ಕೂರುತ್ತದೆ. ಕಲ್ಲಿಗೆ ನೀರು ಸವರಿ ಮಸಿ ಉರುಳಿಸಿದರೆ ಮಸಿ ಜಿಡ್ಡಿಗಷ್ಟೇ ಹಿಡಿಯುತ್ತದೆ, ಅದರ ಮೇಲೆ ಕಾಗದ ಒತ್ತುವುದು. ಅಂದರೆ ಕೈಬರಹವೇ ನೂರಾರು ಪ್ರತಿಯಾಗುವುದು! ಕನ್ನಡ ಪತ್ರಿಕೋದ್ಯಮದ ಮೂಲಪುರುಷ ಕೈಬರಹ ಎಂದು ಗೊತ್ತಾದ ದಿನ ನಾನು ಕೆರೆ ಏರಿಯ ಮೇಲೆ ಒಬ್ಬನೇ ನಕ್ಕಿದ್ದೇನೆ. ಆಮೇಲೆ ಶಾಲೆ, ಹಾಸ್ಟೆಲುಗಳ ಕೈಬರಹದ ಪತ್ರಿಕೆಗಳು ಬಂದವು. ಇರುವುದೊಂದೇ ಪ್ರತಿ, ಓದುವವರು ಸಾಲುಸಾಲು. ಧಾರವಾಡದಲ್ಲಂತೂ 1964ರಲ್ಲಿ ಚಂಪಾ, ಗಿರಡ್ಡಿ ಗೋವಿಂದರಾಜ, ಸಿದ್ಧಲಿಂಗ ಪಟ್ಟಣಶೆಟ್ಟಿ ಎಂಬ ಮೂವರು ಗೆಳೆಯರು ಸೇರಿ ‘ಸಂಕ್ರಮಣ’ ಹೊರಡಿಸಿದರು. ಬಂಡವಾಳಕ್ಕಿಂತ ಹುಮ್ಮಸ್ಸೇ ಹೆಚ್ಚಿರುವ ಕಿರುಪತ್ರಿಕೆಯ ರುಚಿ ಈ ಊರಿಗೆ ಹೊಸದಲ್ಲ.

ಮಾರಿಬೇನೆಯೂ ಹೊಸದಲ್ಲ. 1896ರಲ್ಲಿ ವಿದ್ಯಾವರ್ಧಕ ಸಂಘದ ‘ವಾಗ್ಭೂಷಣ’ ಪತ್ರಿಕೆ ಧಾರವಾಡದಲ್ಲಿ ಶುರುವಾಯಿತು. ಅದೇ ವರ್ಷ ಪ್ಲೇಗು ಮುಂಬಯಿಗೆ ಬಂದಿಳಿಯಿತು. ರೈಲಿನ ಊರಾದ ಹುಬ್ಬಳ್ಳಿ ಅದರಿಂದ ತಪ್ಪಿಸಿಕೊಳ್ಳಲಾಗಲಿಲ್ಲ. ಹಾಫ್ಕಿನ್ ಎಂಬ ವಿಜ್ಞಾನಿ 1897ರ ಜನವರಿಯಲ್ಲಿ ಮುಂಬಯಿಯಲ್ಲಿ ತನ್ನ ಮೈಗೇ ಚುಚ್ಚಿಕೊಂಡು ಪರೀಕ್ಷಿಸಿದ ಲಸಿಕೆಯನ್ನು ಮರುವರ್ಷ ಹುಬ್ಬಳ್ಳಿಯಲ್ಲಿ ಸಾವಿರಾರು ಜನರಿಗೆ ಹಾಕಿದರು. ಆ ಲೆಕ್ಕ ಸರಕಾರಿ ವರದಿಗಳಿಗೂ ಏರಿತು. 1897ರಲ್ಲಿ ಮಾಡಿದ ಸಾಂಕ್ರಾಮಿಕ ರೋಗಗಳ ಕಾಯ್ದೆ ಎಷ್ಟು ಗಟ್ಟಿಮುಟ್ಟಾಗಿತ್ತೆಂದರೆ 2020ರಲ್ಲಿ ನಮ್ಮನ್ನು ಮನೆಯೊಳಗೆ ಕೂಡಿಸಲಿಕ್ಕೂ ಅದನ್ನೇ ಹೊರತೆಗೆದರು. ಇನ್ನು 1918ರ ಇನ್‌ಫ್ಲುಯೆಂಜಾ! ಜನಗಣತಿ ಶುರುವಾದಂದಿನಿಂದ ಭಾರತದ ಜನಸಂಖ್ಯೆ ಇಳಿದ ದಶಕ ಒಂದೇ ಒಂದು, 1911ರಿಂದ 1921ರದು.

ಕಾಯ್ದೆ ಸಿಕ್ಕಿತು, ಸೂಜಿಯ ಲೆಕ್ಕ ಸಿಕ್ಕಿತು, ಸತ್ತವರ ಎಣಿಕೆ ಸಿಕ್ಕಿತು. ಆದರೆ ಪ್ಲೇಗಿಗೆ ಊರು ಬಿಟ್ಟು ಹೊಲದ ಗುಡಿಸಲಿಗೆ ಹೋದ ತಾಯಿ ಮೊದಲ ರಾತ್ರಿ ಏನು ಅಡಿಗೆ ಮಾಡಿದಳು? ಎಮ್ಮೆಯನ್ನು ಯಾರ ಸುಪರ್ದಿಗೆ ಬಿಟ್ಟಳು? ಮಕ್ಕಳು ಅಲ್ಲಿ ಯಾವ ಆಟ ಕಟ್ಟಿದರು? ವರದಿಗಳಿಗೆ ಇದು ಬೇಕಾಗಿರಲಿಲ್ಲ.

ಬೇಕಾಗಿದ್ದವನು ಒಬ್ಬನಿದ್ದರೆ ಏನಾಗುತ್ತದೆ, ನೋಡಿ. 1665ರ ಲಂಡನ್ ಪ್ಲೇಗಿನಲ್ಲಿ ನೌಕಾ ಇಲಾಖೆಯ ಅಧಿಕಾರಿ ಸಾಮ್ಯುಯೆಲ್ ಪೀಪ್ಸ್ ಶೀಘ್ರಲಿಪಿಯಲ್ಲಿ ತನ್ನಷ್ಟಕ್ಕೆ ದಿನಚರಿ ಬರೆದುಕೊಳ್ಳುತ್ತಿದ್ದ. ಕೆಂಪು ಶಿಲುಬೆ ಬಳಿದ ಬಾಗಿಲುಗಳನ್ನು ಮೊದಲ ಸಲ ಕಂಡ ದಿನ ಹೆದರಿ, ಮೂಸಲಿಕ್ಕೂ ಅಗಿಯಲಿಕ್ಕೂ ತಂಬಾಕು ಕೊಂಡನಂತೆ. ಪ್ಲೇಗು ಮುಗಿದ ಮೇಲೆ ಕೃತಕ ಕೂದಲಿನ ಶೋಕಿ ಏನಾದೀತು ಎಂಬುದು ಅವನ ಇನ್ನೊಂದು ಚಿಂತೆ. ಸತ್ತವರ ತಲೆಯ ಕೂದಲೋ ಏನೋ ಎಂದು ಅಂಜಿ ಯಾರೂ ಕೊಳ್ಳಲಿಕ್ಕಿಲ್ಲ! ಇಂಥ ಮಾತು ಯಾವ ಗೆಜೆಟಿಯರಿನಲ್ಲಿ ಸಿಕ್ಕೀತು? ಮೂರೂವರೆ ಶತಮಾನದ ಮೇಲೂ ಆ ಹೆದರಿಕೆ ಹಸಿಹಸಿಯಾಗಿದೆ. ನಮ್ಮ ಓಣಿಯ ಹುಡುಗಿ ಪೀಪ್ಸನ ಹೆಸರು ಕೇಳಿಲ್ಲ. ಆದರೆ ಅವನು ಮಾಡಿದ್ದನ್ನೇ ಮಾಡಿದ್ದಾಳೆ, ಚಿತ್ರ ಸಮೇತ!

ನಾವು ದೊಡ್ಡವರು ಏನು ಮಾಡಿದೆವು? ಕೊರೊನಾ ಕವಿತೆ ಬರೆದೆವು. ವಾಟ್ಸ್ಆ್ಯಪಿನಲ್ಲಿ ಹೊಳೆಯೇ ಹರಿಯಿತು. ವೈರಸ್ಸನ್ನು ರಾಕ್ಷಸ ಮಾಡಿ, ಮನುಷ್ಯನ ಅಹಂಕಾರಕ್ಕೆ ಬುದ್ಧಿ ಹೇಳಿ, ಪ್ರಕೃತಿಮಾತೆಗೆ ಕೈಮುಗಿದು ಮುಗಿಸಿದೆವು. ಅವತ್ತು ಉಳ್ಳಾಗಡ್ಡಿ ಕಿಲೋಗೆ ಎಷ್ಟಿತ್ತು ಎಂದು ಒಬ್ಬರೂ ಬರೆಯಲಿಲ್ಲ. ಬರೆದದ್ದರಲ್ಲೂ ಹೆಚ್ಚಿನದು ಹಳೆಯ ಫೋನಿನ ಜೊತೆಗೇ ಹೋಯಿತು. ಆ ಹುಡುಗಿಯ ಹಾಳೆ ಮಾತ್ರ ನೋಟ್‌ಬುಕ್ಕಿನ ನಡುವೆ ತಣ್ಣಗೆ ಮಲಗಿತ್ತು, ಚಾರ್ಜಿಲ್ಲದೆ, ಪಾಸ್‌ವರ್ಡಿಲ್ಲದೆ.

ಎಷ್ಟೊಂದಿತ್ತು ಬರೆಯಲಿಕ್ಕೆ! 2020ರ ಫೆಬ್ರುವರಿ 2ರಂದು ಧಾಂಧೂಂ ಎಂದು ಉದ್ಘಾಟನೆಗೊಂಡ ಹುಬ್ಬಳ್ಳಿ-ಧಾರವಾಡದ ಚಿಗರಿ ಬಸ್ಸು ಸುಮಾರು ಏಳು ವಾರಕ್ಕೇ ನಿಂತುಬಿಟ್ಟಿತು. ಪರೀಕ್ಷೆಗೆ ಓದಲು ಬಂದ ಹುಡುಗ ಹುಡುಗಿಯರಿಂದ ಗಿಜಿಗುಡುವ ಸಪ್ತಾಪುರ ಬಡಾವಣೆ ಖಾಲಿಯಾಯಿತು. ಅಲ್ಲಿಯ ಜೆರಾಕ್ಸ್ ಅಂಗಡಿಗಳ ಶಟರು ಇಳಿದವು. ಚಂದನ ವಾಹಿನಿಯಲ್ಲಿ ಪಾಠ ಬಂತು. ಶಾಲೆಗೆ ಹೋಗಲಾಗದ ಮಕ್ಕಳಿಗೆ ‘ವಿದ್ಯಾಗಮ’ ಎಂದು ಗುಡಿಯ ಕಟ್ಟೆ, ಮರದ ನೆರಳಿಗೆ ಮಾಸ್ತರರೇ ಹೋದರು. 2020ರ ಆಗಸ್ಟಿನಲ್ಲಿ ಶುರುವಾದದ್ದು ಅಕ್ಟೋಬರಿನಲ್ಲಿ ನಿಂತಿತು. ಇದರ ಸುದ್ದಿ ಪತ್ರಿಕೆಗಳಲ್ಲಿದೆ. ಆ ಕಟ್ಟೆಯ ಮೇಲೆ ಕೂತ ಮಗುವಿಗೆ ಇರುವೆ ಕಚ್ಚಿದ್ದು ಎಲ್ಲಿದೆ?

ಎಲ್ಲೋ ಇದ್ದೇ ಇರುತ್ತದೆ ಎಂಬುದೇ ನನ್ನ ಈಗಿನ ನಂಬಿಕೆ. ಝೀನ್ ಎಂಬ ಹೆಸರಿಲ್ಲದೆ ಇದೆ. ಕ್ಯಾಲೆಂಡರಿನ ಹಿಂದೆ ಗೀಚಿದ ಹಾಲಿನ ಲೆಕ್ಕವಾಗಿ, ಆಕ್ಸಿಮೀಟರಿನ ಅಂಕಿ ಬರೆದ ಚೀಟಿಯಾಗಿ, ಮಕ್ಕಳ ಚಿತ್ರದ ವಹಿಯಾಗಿ ಇದೆ. ಇಲ್ಲದಿದ್ದರೂ ಈಗ ಮಾಡಬಹುದು. ನೆನಪು ಇನ್ನೂ ಹತ್ತಿರದಲ್ಲೇ ಇದೆ. ಪೂರ್ತಿ ಕಥೆ ಹೇಳಲು ಹೋಗಬೇಡಿ, ಎಂಟು ಪುಟಕ್ಕೆ ಅದು ಹಿಡಿಸುವುದಿಲ್ಲ. ಒಂದು ಓಣಿಯ ಸಪ್ಪಳ, ಒಂದು ವಾರದ ಪಲ್ಲೆ, ಮನೆಯಲ್ಲಿ ಆಡಿದ ಒಂದು ಜಗಳ — ಇಷ್ಟು ಸಾಕು. ಚಿತ್ರ ಬರುವುದಿಲ್ಲ ಎನ್ನುವವರು ಬಸ್ ಟಿಕೆಟ್ಟು, ಗುಳಿಗೆಯ ಚೀಟಿ ಅಂಟಿಸಿ.

ಸಿಕ್ಕಿದ್ದನ್ನು ಉಳಿಸಿಕೊಳ್ಳುವುದಕ್ಕೂ ಒಂದಿಷ್ಟು ಹಿಕಮತ್ತು ಬೇಕು. ಸೆಲ್ಲೋಟೇಪು ಹಳದಿಗಟ್ಟಿ ಕಾಗದವನ್ನೇ ತಿನ್ನುತ್ತದೆ, ಮೈದಾ ಅಂಟು ಮೇಲು. ಹಾಗಂತ ಹೆಚ್ಚು ಬಳಿದರೆ ಜಿರಳೆ ಬರುತ್ತದೆ. ಸ್ಟೇಪ್ಲರ್ ಪಿನ್ನು ನಮ್ಮ ಧಾರವಾಡದ ಮಳೆಗಾಲದಲ್ಲಿ ತುಕ್ಕು ಹಿಡಿಯದೆ ಇರುವುದಿಲ್ಲ. ಎಲ್ಲಕ್ಕಿಂತ ಮೋಸಗಾರ ಎಂದರೆ ಔಷಧದಂಗಡಿಯ ಆ ನುಣುಪಾದ ಬಿಲ್ಲು! ಅದರ ಮೇಲೆ ಇರುವುದು ಮಸಿಯಲ್ಲ, ಶಾಖಕ್ಕೆ ಕಪ್ಪಾದ ಲೇಪ. ಕೆಲವೇ ವರ್ಷಗಳಲ್ಲಿ ಬೋಳು ಕಾಗದವಾಗುತ್ತದೆ. 2021ರ ಬಿಲ್ಲೇನಾದರೂ ನಿಮ್ಮಲ್ಲಿದ್ದರೆ ಈ ವಾರವೇ ಜೆರಾಕ್ಸ್ ಮಾಡಿಸಿ.

ಹಾಗೆಯೇ ಟ್ರಂಕು, ದಫ್ತರು, ರದ್ದಿ ಕಟ್ಟು ಒಮ್ಮೆ ಬಿಚ್ಚಿ ನೋಡಿ. ಮಕ್ಕಳನ್ನೂ ಕೇಳಿ. ಏನಾದರೂ ಸಿಕ್ಕರೆ ಹಿಂಬದಿಯ ಮೂಲೆಯಲ್ಲಿ ಪೆನ್ಸಿಲ್ಲಿನಿಂದ ತಾರೀಖು, ಊರು, ಓಣಿಯ ಹೆಸರು ಬರೆಯಿರಿ. ಮಾಡಿದವರು ಒಪ್ಪಿದರೆ ಎರಡು ಪ್ರತಿ ತೆಗೆಸಿ, ಒಂದನ್ನು ಮನೆಯಲ್ಲಿಟ್ಟು ಇನ್ನೊಂದನ್ನು ನಿಮ್ಮೂರ ಗ್ರಂಥಾಲಯಕ್ಕೆ ಕೊಟ್ಟು ಬನ್ನಿ.